ಅತ್ತೆಯ ಮೂಗಿಗೊಂದು ಕೋಡ್

ಬಾಣಲೆ ಬಿದ್ದದ್ದು ಅತ್ತೆಯ ತಲೆಯ ಮೇಲೆ, ಕಿರುಚಿಕೊಂಡದ್ದು ಮಾತ್ರ ಮಾವ. ಅತ್ತೆ ಅಡುಗೆಮನೆಯ ನೆಲದ ಮೇಲೆ ಕೂತು, ಎರಡೂ ಕೈಯಲ್ಲಿ ತಲೆ ಹಿಡಿದುಕೊಂಡು, "ಅಯ್ಯೋ ಕೂಗ್ಬೇಡ್ರೀ, ಒಲೆ ಸಣ್ಣ ಮಾಡಿ, ಹಾಲು ಉಕ್ಕುತ್ತೆ" ಎಂದಳಂತೆ.

ಆಸ್ಪತ್ರೆಯ ನೆಲಮಾಳಿಗೆಯಲ್ಲಿರುವ ಕ್ಯಾಂಟೀನು ಅವರದ್ದು. ಅಡುಗೆ ಅತ್ತೆಯದು, ಗಲ್ಲಾಪೆಟ್ಟಿಗೆ ಮಾವನದು, ಮಾತು ಪೂರ್ತಿಯಾಗಿ ಅತ್ತೆಯದು. ಪೆಟ್ಟು ಬಿದ್ದ ಜಾಗದಿಂದ ತುರ್ತು ವಿಭಾಗಕ್ಕೆ ಒಂದು ಲಿಫ್ಟ್ ಅಷ್ಟೇ ದೂರ. ಗಾಲಿಕುರ್ಚಿಯಲ್ಲಿ ಕೂರಿಸಿಕೊಂಡು ಹೋಗುವಾಗ ಲಿಫ್ಟಿನಲ್ಲಿದ್ದ ಇಬ್ಬರು ನರ್ಸುಗಳಿಗೆ, "ಸೂಪ್ ರೆಡಿ ಇದೆ, ಇವರು ಬಡಿಸ್ತಾರೆ, ಬ್ರೆಡ್ ಮಾತ್ರ ನೀವೇ ಕೊಯ್ಕೊಳ್ಳಿ, ಇವರು ಕೊಯ್ದರೆ ಇಟ್ಟಿಗೆ ಥರ ಇರುತ್ತೆ" ಎಂದು ಹೇಳಿ ಕಳಿಸಿದಳು. ಸ್ಕ್ಯಾನ್ ಮಾಡಿದರು. ಏನೂ ಇಲ್ಲ. ಒಂದು ರಾತ್ರಿ ಇರಿಸಿಕೊಂಡು, ವಿಶ್ರಾಂತಿ ತಗೊಳ್ಳಿ ಎಂದು ಮನೆಗೆ ಕಳಿಸಿದರು. ಅತ್ತೆ ಮನೆಗೆ ಹೋಗುವ ದಾರಿಯಲ್ಲೇ ಕ್ಯಾಂಟೀನಿಗೆ ಹೊಕ್ಕು ಈರುಳ್ಳಿ ಹೆಚ್ಚಲು ಕೂತಳು.

ನಾನಿರುವುದು ಅದೇ ಆಸ್ಪತ್ರೆಯ ಎರಡನೇ ಮಹಡಿ, ದಾಖಲೆ ವಿಭಾಗ. ಓದು ಇನ್ನೂ ಮುಗಿದಿಲ್ಲ. ತರಬೇತಿಗೆಂದು ಬಂದವಳು, ಸೋದರತ್ತೆಯ ಮನೆಯಲ್ಲೇ ಉಳಿದವಳು. ರೋಗಿ ಮನೆಗೆ ಹೋದ ಮೇಲೆ ಅವರ ಫೈಲು ನಮ್ಮಲ್ಲಿಗೆ ಬರುತ್ತದೆ. ಡಾಕ್ಟರು ಬರೆದದ್ದನ್ನೆಲ್ಲ ಓದಿ ಅದನ್ನು ಕೋಡ್ ಆಗಿ ಬದಲಾಯಿಸುವುದು ನಮ್ಮ ಕೆಲಸ. ಕೇಳಿದರೆ ಆಕಳಿಕೆ ಬರುತ್ತದೆ, ನನಗೆ ಗೊತ್ತು. ಆದರೆ ಒಳಗೆ ಇಳಿದವರಿಗೇ ಇದರ ಮಜಾ ತಿಳಿಯುವುದು! ಗಿಳಿ ಕಚ್ಚಿದರೆ ಒಂದು ಕೋಡ್, ಆಮೆ ಕಚ್ಚಿದರೆ ಬೇರೆ ಕೋಡ್. ಆಮೆ ಕಚ್ಚುವಷ್ಟು ಹೊತ್ತು ಆ ಮನುಷ್ಯ ಅಲ್ಲೇ ಏನು ಮಾಡುತ್ತಿದ್ದ ಎಂದು ನಾನು ಮೊದಲ ವಾರವೆಲ್ಲ ಯೋಚಿಸಿದ್ದೇನೆ.

ತಲೆಯೊಳಗಿನ ಪೆಟ್ಟುಗಳದ್ದು ಇನ್ನೂ ದೊಡ್ಡ ಸಂಸಾರ. ಎಲ್ಲರೂ 'ಎಸ್ ಸೊನ್ನೆ ಆರು' ಎಂಬ ಒಂದೇ ಮನೆಯಲ್ಲಿ ವಾಸ, ಆದರೆ ಒಬ್ಬೊಬ್ಬರದೂ ಬೇರೆ ಕೋಣೆ. ರಕ್ತ ಹೆಪ್ಪುಗಟ್ಟಿತೇ, ಎಲ್ಲಿ, ಪ್ರಜ್ಞೆ ತಪ್ಪಿತೇ, ತಪ್ಪಿದರೆ ಎಷ್ಟು ಹೊತ್ತು, ಇದು ಮೊದಲ ಭೇಟಿಯೇ ಅಥವಾ ಹಳೇ ಪೆಟ್ಟು ಬಿಟ್ಟುಹೋದ ಬಾಲವೇ, ಎಲ್ಲಕ್ಕೂ ಒಂದೊಂದು ಅಂಕಿ, ಕೊನೆಗೊಂದು ಅಕ್ಷರ.

ನಮ್ಮ ವಿಭಾಗದ ಮುಖ್ಯಸ್ಥೆಯನ್ನು ಎಲ್ಲರೂ ಕರೆಯುವುದು ಮೇಡಂ ಎಂದು. ಅವರು ಮೊದಲ ದಿನವೇ ನನಗೆ ಎರಡು ನಿಯಮ ಹೇಳಿದ್ದರು. ಡಾಕ್ಟರು ಬರೆದಿಲ್ಲ ಎಂದರೆ ಅದು ನಡೆದೇ ಇಲ್ಲ. ರೋಗಿಗೆ ಬಾಲ ಬೆಳೆದಿದ್ದನ್ನು ನಾವೇ ಕಣ್ಣಾರೆ ಕಂಡರೂ ನಡೆದಿಲ್ಲ. ಅನುಮಾನ ಬಂದರೆ ಡಾಕ್ಟರನ್ನು ಕೇಳಬಹುದು, ಆದರೆ ಉತ್ತರವನ್ನು ನಾವೇ ಅವರ ಬಾಯಿಗೆ ತುರುಕುವ ಹಾಗಿಲ್ಲ. ಆಯ್ಕೆಗಳನ್ನು ಕೊಡಬೇಕು, ಕೊನೆಯಲ್ಲಿ 'ಬೇರೆ ಏನಾದರೂ' ಮತ್ತು 'ಹೇಳಲಾಗದು' ಎಂಬ ಎರಡು ಇರಲೇಬೇಕು.

ಅತ್ತೆಯ ಫೈಲು ಬಂದ ದಿನ ನಾನು ಕುಣಿದುಬಿಟ್ಟೆ. ಮೇಡಂ ಅದನ್ನು ನನ್ನ ಕೈಯಿಂದ ಕಿತ್ತುಕೊಂಡರು.

"ಮನೆಯವರ ಫೈಲ್ ಮುಟ್ಟೋ ಹಾಗಿಲ್ಲ."

"ಮೇಡಂ, ಬರೀ ನೋಡ್ತೀನಿ!"

"ಕಣ್ಣಲ್ಲೂ ಮುಟ್ಟೋ ಹಾಗಿಲ್ಲ."

ಆದರೆ ಅತ್ತೆಯನ್ನು ಯಾರು ತಡೆಯುತ್ತಾರೆ? ಮಾರನೇ ದಿನ ಕಾಫಿಯ ಟ್ರೇ ಹಿಡಿದು ಅವಳೇ ಮಹಡಿ ಹತ್ತಿ ಬಂದಳು. "ನನ್ನ ತಲೆಗೆ ಯಾವ ನಂಬರ್ ಕೊಟ್ರಿ, ಹೇಳಿ" ಎಂದು ಮೇಡಂ ಮೇಜಿನ ಮುಂದೆ ನಿಂತಳು. ಫೈಲು ಅವಳದೇ, ಕೇಳುವ ಹಕ್ಕೂ ಅವಳದೇ. ಮೇಡಂ ಕನ್ನಡಕ ಸರಿಮಾಡಿಕೊಂಡು ಓದಿದರು: ಕನ್‌ಕಷನ್, ಅಂದರೆ ಮಿದುಳು ಒಮ್ಮೆ ಅಲುಗಾಡುವಂಥ ಪೆಟ್ಟು, ಪ್ರಜ್ಞೆ ತಪ್ಪಿಲ್ಲ, ಕಾರಣ, ಮೇಲಿಂದ ಬಿದ್ದ ವಸ್ತು, ಆ ಹೊತ್ತಿಗೆ ಮಾಡುತ್ತಿದ್ದ ಕೆಲಸ, ಅಡುಗೆ.

"ಅಡುಗೆಗೂ ನಂಬರ್ ಇದ್ಯಾ?" ಅತ್ತೆಯ ಮುಖ ಅರಳಿತು. "ಯಾರ ಅಡುಗೆ ಅಂತ ಇದ್ಯಾ?"

"ಅದಿಲ್ಲ."

"ಛೇ, ಅದನ್ನೂ ಹಾಕ್ಬೇಕಿತ್ತು."

ಅವತ್ತಿನಿಂದ ಒಂದು ವಾರ ಕ್ಯಾಂಟೀನಿಗೆ ಬಂದವರಿಗೆಲ್ಲ ತನ್ನ ತಲೆಯ ಕೋಡ್ ಹೇಳಿಕೊಂಡು ಮೆರೆದಳು. ಬಾಯಿಪಾಠವೇ ಆಗಿಬಿಟ್ಟಿತ್ತು.

ಇದಾಗಿ ಸುಮಾರು ಒಂದು ತಿಂಗಳಾಗಿರಬೇಕು. ಸೂಪು ಬದಲಾದದ್ದು ನನ್ನ ನಾಲಿಗೆಗೆ ಗೊತ್ತಾಯಿತು.

ಕೆಟ್ಟಿತು ಎಂದು ಹೇಳಲಾರೆ, ಜೋರಾಯಿತು. ಮೊದಲು ಬಾಯಲ್ಲಿ ಮೆಲ್ಲಗೆ ಮಾತಾಡುತ್ತಿದ್ದ ಸೂಪು ಈಗ ಕಿವಿಯಲ್ಲಿ ಪೀಪಿ ಊದುತ್ತಿತ್ತು. ನಿಂಬೆಹುಳಿ, ಮೆಣಸು, ಉಪ್ಪು, ಮೂರೂ ತಾನು ಮೊದಲು ತಾನು ಮೊದಲು ಎಂದು ನುಗ್ಗುತ್ತಿದ್ದವು. ರಾತ್ರಿಪಾಳಿ ಮುಗಿಸಿ ಬರುವ ನರ್ಸುಗಳಿಗೆ ಇದು ಬಹಳ ಹಿಡಿಸಿತು, ನಿದ್ದೆ ಹಾರಿಹೋಗುತ್ತದೆ ಎಂದು ಎರಡೆರಡು ಬಟ್ಟಲು ಕುಡಿದರು. ಎಲುಬು ವಿಭಾಗದ ಡಾಕ್ಟರೊಬ್ಬರು ಮಾತ್ರ ಒಂದು ಚಮಚ ಕುಡಿದು ಕಣ್ಣಲ್ಲಿ ನೀರು ತುಂಬಿಕೊಂಡು ಸುಮ್ಮನೆ ಎದ್ದುಹೋದರು. ಇನ್ನೊಂದು ದಿನ ಕಾಫಿಯಲ್ಲಿ ತಳ ಹಿಡಿದ ಹಾಲಿನ ವಾಸನೆ. ಮತ್ತೊಂದು ದಿನ ಕಸದ ಡಬ್ಬಿ ಎರಡು ದಿನದಿಂದ ಗಬ್ಬೆದ್ದಿದ್ದರೂ ಅತ್ತೆ ಅದರ ಪಕ್ಕದಲ್ಲೇ ಕೂತು ಹಾಡು ಗುನುಗುತ್ತ ಬಟಾಣಿ ಬಿಡಿಸುತ್ತಿದ್ದಳು. ಕಸದ ಡಬ್ಬಿ ಒಂದು ಗಂಟೆ ತಡವಾಗಿ ಖಾಲಿಯಾದರೂ ಮನೆ ತಲೆಮೇಲೆ ಹೊತ್ತುಕೊಳ್ಳುತ್ತಿದ್ದ ಅತ್ತೆ!

ನನ್ನ ತಲೆಯಲ್ಲಿ ಗಂಟೆ ಹೊಡೆಯಿತು. ತಲೆಗೆ ಪೆಟ್ಟು ಬಿದ್ದಾಗ ಮಿದುಳು ಅಲುಗಿ, ಮೂಗಿನಿಂದ ಮೇಲಕ್ಕೆ ಹೋಗುವ ಎಳೆಯಂಥ ನರಗಳು ಹರಿದುಹೋಗಬಹುದು ಎಂದು ಪಾಠದಲ್ಲಿ ಓದಿದ್ದೆ. ವಾಸನೆಯೇ ಹೋಗಿಬಿಡುತ್ತದೆ. ನಾಲಿಗೆಗೆ ಉಪ್ಪು, ಹುಳಿ, ಖಾರದಂಥವು ಮಾತ್ರ ಉಳಿಯುತ್ತವೆ.

ಆದರೆ ಯಾರೂ ಬರೆದಿಲ್ಲ. ಬರೆದಿಲ್ಲ ಎಂದರೆ ನಡೆದಿಲ್ಲ. ಸರಿ, ನಿಯಮದ ಪ್ರಕಾರವೇ ವಿಚಾರಿಸೋಣ ಎಂದು ಮೊದಲು ಮಾವನನ್ನು ಹಿಡಿದೆ.

"ಮಾವ, ಈಚೆಗೆ ಅಡುಗೆಮನೆಯಲ್ಲಿ ನೀವು ಏನಾದ್ರೂ ಬದಲಾವಣೆ ಗಮನಿಸಿದೀರಾ? ಒಂದು, ಹೌದು. ಎರಡು, ಇಲ್ಲ. ಮೂರು, ಬೇರೆ ಏನಾದರೂ. ನಾಲ್ಕು, ಹೇಳಲಾಗದು."

ಮಾವ ಚಿಲ್ಲರೆ ಜೋಡಿಸುತ್ತಿದ್ದವರು ಬಹಳ ಹೊತ್ತು ಯೋಚಿಸಿದರು. "ನಾಲ್ಕು" ಎಂದರು.

ಅತ್ತೆಯನ್ನು ಪರೀಕ್ಷಿಸೋಣ ಎಂದು ಒಂದು ಲೋಟದಲ್ಲಿ ಪಾತ್ರೆ ತೊಳೆಯುವ ಸೋಪಿನ ನೀರು ಹಿಡಿದುಕೊಂಡು ಹೋದೆ. "ಅತ್ತೆ, ಇದನ್ನ ಮೂಸಿ ನೋಡು, ನಿನ್ನ ಅಭಿಪ್ರಾಯ ಏನು?" ಅವಳು ಲೋಟವನ್ನು ಮೂಗಿಗೆ ಹಿಡಿದಳು, ಆದರೆ ಕಣ್ಣು ನನ್ನ ಮುಖದ ಮೇಲೇ ಇತ್ತು. ನನ್ನ ಮೂಗು ತಾನಾಗಿ ಸುಕ್ಕಾಯಿತು. "ಥೂ, ಸೋಪು! ತಗೊಂಡೋಗೇ ಆಚೆ" ಎಂದಳು. ಪಾಸು!

ಆಮೇಲೆ ಗಮನಿಸಿದೆ. ಅವಳು ಹಾಗೇ ಮಾಡುತ್ತಿದ್ದಳು. ಪಾತ್ರೆಯ ಮುಚ್ಚಳ ತೆಗೆದು, ಎದುರಿಗೆ ಯಾರೇ ಸಿಗಲಿ, "ಹೇಗಿದೆ ಘಮ?" ಎಂದು ಅವರ ಮುಖಕ್ಕೆ ಹಿಡಿಯುವುದು, ಅವರ ಹುಬ್ಬು, ಮೂಗು, ತುಟಿ ನೋಡಿಕೊಂಡು ಒಲೆ ಆರಿಸುವುದೋ ಇನ್ನಷ್ಟು ಬೇಯಿಸುವುದೋ ತೀರ್ಮಾನಿಸುವುದು. ಇಡೀ ಆಸ್ಪತ್ರೆಯ ಮೂಗನ್ನು ಸಾಲ ತಗೊಂಡು ಅಡುಗೆ ನಡೆಸುತ್ತಿದ್ದಳು ನಮ್ಮತ್ತೆ.

ಇದೆಲ್ಲ ತಮಾಷೆಯಾಗೇ ಇರುತ್ತಿತ್ತೇನೋ. ಆದರೆ ಆ ಶುಕ್ರವಾರ ಕ್ಯಾಂಟೀನಿನ ರುಚಿಪರೀಕ್ಷೆ ಇತ್ತು. ಆಡಳಿತಾಧಿಕಾರಿಗಳು ಎರಡು ವರ್ಷಕ್ಕೊಮ್ಮೆ ಬಂದು ಊಟ ಮಾಡಿ, ಕ್ಯಾಂಟೀನು ಇವರ ಕೈಯಲ್ಲೇ ಇರಬೇಕೋ ಬೇರೆಯವರಿಗೆ ಕೊಡಬೇಕೋ ಎಂದು ಸಹಿ ಹಾಕುತ್ತಾರೆ. ಆ ಒಲೆಯ ಮುಂದೆ ನಿಲ್ಲದ ಅತ್ತೆಯನ್ನು ನನಗೆ ಊಹಿಸಿಕೊಳ್ಳಲೂ ಆಗುತ್ತಿರಲಿಲ್ಲ. ಅವಳಿಗಂತೂ ಆಗುತ್ತಲೇ ಇರಲಿಲ್ಲ.

ಗುರುವಾರ ಸಂಜೆ ಕೆಲಸ ಮುಗಿಸಿ ಕೆಳಗಿಳಿದೆ. ಕ್ಯಾಂಟೀನಿನ ಬಾಗಿಲು ತೆಗೆದ ಕೂಡಲೇ ಗ್ಯಾಸಿನ ವಾಸನೆ ಮುಖಕ್ಕೆ ಹೊಡೆಯಿತು. ಒಲೆಯ ಮೇಲೆ ಸೂಪು ಉಕ್ಕಿ ಚೆಲ್ಲಿ, ಉರಿ ಆರಿಹೋಗಿತ್ತು, ಗ್ಯಾಸಿನ ನಾಬ್ ಮಾತ್ರ ತೆರೆದೇ ಇತ್ತು. ಅತ್ತೆ ಅತ್ತ ತಿರುಗಿ ನಿಂತು, "ಈ ದರಿದ್ರ ಒಲೆ ಮತ್ತೆ ಆರ್ತಲ್ಲ" ಎನ್ನುತ್ತ ಲೈಟರ್ ಕೈಗೆತ್ತಿಕೊಳ್ಳುತ್ತಿದ್ದಳು.

ನನ್ನ ಬಾಯಿಂದ ಬಂದ ಮಾತು, ದೇವರಾಣೆ, ಇದು: "ಅತ್ತೆ, ಈ ಕೋಣೆಯ ವಾಸನೆ ಬಗ್ಗೆ ನಿನ್ನ ಅಭಿಪ್ರಾಯ..."

"ಏನೇ ಅದು?" ಅತ್ತೆ ಲೈಟರ್ ಒಲೆಯ ಹತ್ತಿರ ಒಯ್ದಳು.

"ಗ್ಯಾಸ್! ಅತ್ತೆ, ಗ್ಯಾಸ್, ಬಿಸಾಕು ಅದನ್ನ!"

ಹಾರಿಬಿದ್ದು ಅವಳ ಕೈ ಹಿಡಿದೆ. ಲೈಟರ್ ಉಕ್ಕಿದ ಸೂಪಿನೊಳಗೆ ಬಿತ್ತು. ಕೂಗು ಕೇಳಿ ಮಾವ ಓಡಿಬಂದು ಸಿಲಿಂಡರಿನ ಬಾಯಿ ತಿರುಗಿಸಿದರು, ಕಿಟಕಿ ಬಾಗಿಲೆಲ್ಲ ತೆರೆದರು. ಆಮೇಲೆ ಮೂವರೂ ಹೊರಗಿನ ಓಣಿಯಲ್ಲಿ ಖಾಲಿ ತರಕಾರಿ ಕ್ರೇಟುಗಳ ಮೇಲೆ ಕೂತೆವು.

ಅತ್ತೆ ತನ್ನ ಕೈಯನ್ನೇ ನೋಡುತ್ತ ಕೂತಿದ್ದಳು. "ಬಾಣಲೆ ಬಿದ್ದಾಗಿಂದ ಏನೂ ಇಲ್ಲ ಕಣೇ ಮರಿ" ಎಂದಳು. "ಈರುಳ್ಳಿ ಇಲ್ಲ, ಕಾಫಿ ಇಲ್ಲ. ನಿಮ್ಮ ಮಾವನ ಬೆವರೂ ಇಲ್ಲ, ಅದೊಂದೇ ಲಾಭ."

"ಮತ್ತೆ ಡಾಕ್ಟರಿಗೆ ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ಬರೀತಾರೆ. ಬರೆದ್ರೆ ನಿಜ ಆಗೋಗುತ್ತೆ. ಬರೆದಿಲ್ಲ ಅಂದ್ರೆ ನಡೆದೇ ಇಲ್ಲ ಅಂತ ದಿನಾ ಊಟಕ್ಕೆ ಕೂತ್ಕೊಂಡು ಹೇಳ್ತಿದ್ದೋಳು ಯಾರೇ? ನೀನೇ ತಾನೇ?"

ನಮ್ಮ ನಿಯಮವನ್ನು ಇಷ್ಟು ಶ್ರದ್ಧೆಯಿಂದ ಪಾಲಿಸಿದವರು ನಮ್ಮ ವಿಭಾಗದಲ್ಲೂ ಇಲ್ಲ.

"ಅತ್ತೆ, ಅದು ನಂಬರ್ ಹಾಕೋರಿಗೆ. ಗ್ಯಾಸ್ ಫೈಲ್ ಓದಲ್ಲ."

"ನನಗೆ ಗೊತ್ತಿತ್ತು" ಎಂದರು ಮಾವ, ನೆಲ ನೋಡುತ್ತ.

ಇಬ್ಬರೂ ಅವರತ್ತ ತಿರುಗಿದೆವು.

"ದಿನಾ ಬೆಳಿಗ್ಗೆ ಕೆಟ್ಟ ಹಾಲು ಚೆಲ್ಲಿ ಹೊಸದು ಇಡ್ತಿದ್ದೆ. ನೀನೇ ಹೇಳ್ತೀಯ ಅಂತ ಕಾಯ್ತಿದ್ದೆ."

"ಗೊತ್ತಿದ್ದೂ ಬಾಯಿ ಮುಚ್ಕೊಂಡಿದ್ರಾ? ಇವಳು ಕೇಳಿದಾಗ ನಾಲ್ಕು ಅಂದ್ರಂತೆ!"

"ಹೇಳೋಕಾಗ್ತಿರ್ಲಿಲ್ಲ. ಅದಕ್ಕೇ ನಾಲ್ಕು."

ಅತ್ತೆಗೆ ಬೈಯಬೇಕೋ ನಗಬೇಕೋ ತಿಳಿಯಲಿಲ್ಲ. ಎರಡನ್ನೂ ಒಟ್ಟಿಗೇ ಮಾಡಿದಳು.

ಮಾರನೇ ಬೆಳಿಗ್ಗೆ ನರರೋಗದ ಡಾಕ್ಟರ ಮುಂದೆ ಕೂತೆವು. ಎಳೆಯ ವಯಸ್ಸಿನವರು, ಫೈಲಿನಲ್ಲಿ ಒಂದು ಶಬ್ದ ಜಾಸ್ತಿ ಬರೆದರೆ ಪ್ರಾಣ ಹೋಗುತ್ತದೆ ಎನ್ನುವಷ್ಟು ಜಿಪುಣರು. ಅವರ ಫೈಲು ಬಂದರೆ ನಮ್ಮ ವಿಭಾಗದಲ್ಲಿ ಎಲ್ಲರೂ ನಿಟ್ಟುಸಿರು ಬಿಡುತ್ತಾರೆ. "ಏನು ತೊಂದರೆ?" ಎಂದರು. ಅತ್ತೆ ಛಾವಣಿ ನೋಡಿದಳು. ನಾನು ಬಾಯಿ ತೆರೆದೆ.

"ಡಾಕ್ಟ್ರೇ, ಸೂಪಿನಲ್ಲಿ ಹುಳಿ ಹೆಚ್ಚಾಗಿರೋದು, ಹಾಲು ತಳ ಹಿಡಿದದ್ದು ತಿಳೀದೇ ಇರೋದು, ಇವುಗಳ ಮಹತ್ವದ ಬಗ್ಗೆ ತಾವು ದಯವಿಟ್ಟು ಸ್ಪಷ್ಟನೆ..."

ಅವರು ಪೆನ್ನು ಕೆಳಗಿಟ್ಟರು. "ನೀವು ದಾಖಲೆ ವಿಭಾಗದೋರಲ್ವಾ? ವಾರಕ್ಕೆ ಹತ್ತು ಚೀಟಿ ಕಳಿಸ್ತೀರಲ್ಲ, ಬೇರೆ ಏನಾದರೂ, ಹೇಳಲಾಗದು ಅಂತ? ಈಗ ಇಲ್ಲಿಗೆ ಆಫೀಸಿಂದ ಬಂದಿದೀರೋ, ಮನೆಯಿಂದ ಬಂದಿದೀರೋ?"

"ಮನೆಯಿಂದ."

"ಹಾಗಾದ್ರೆ ಮನೆಯವರ ಥರ ಮಾತಾಡಿ ತಾಯಿ."

ಆಗ ಬಂತು ನೋಡಿ, ಅಣೆಕಟ್ಟು ಒಡೆದ ಹಾಗೆ! ಬಾಣಲೆ, ಕಸದ ಡಬ್ಬಿ, ಸೋಪಿನ ನೀರು, ಲೈಟರ್, ಎಲ್ಲ ಒಂದೇ ಉಸಿರಿನಲ್ಲಿ. ಹೇಳುತ್ತ ಹೇಳುತ್ತ ನಿನ್ನೆಯಿಂದ ತಡೆದಿಟ್ಟ ಅಳುವೂ ಬಂದುಬಿಟ್ಟಿತು. ಅತ್ತೆ ತನ್ನ ಕರವಸ್ತ್ರ ಕೊಟ್ಟು, "ಮೂಗು ಒರೆಸ್ಕೋ, ಇರೋ ಒಂದು ಮೂಗನ್ನಾದ್ರೂ ಕಾಪಾಡ್ಕೋ" ಎಂದಳು.

ಡಾಕ್ಟರು ಪುಟ್ಟ ಪುಟ್ಟ ಶೀಶೆಗಳನ್ನು ತಂದರು. ಮೊದಲನೆಯದನ್ನು ಅತ್ತೆಯ ಮೂಗಿಗೆ ಹಿಡಿದರು. ಅತ್ತೆ ಶೀಶೆಯೊಳಗಿನ ಕಂದು ಪುಡಿಯನ್ನೂ ಡಾಕ್ಟರ ಹುಬ್ಬನ್ನೂ ನೋಡುತ್ತ, "ಕಾಫಿಪುಡಿ" ಎಂದಳು. ಸರಿ! ನಾನು ಡಾಕ್ಟರಿಗೆ ಹೇಳಿದೆ: "ಕಣ್ಣು ಮುಚ್ಚಿಸಿ. ನಿಮ್ಮ ಮುಖ ಓದ್ತಿದಾಳೆ."

"ದ್ರೋಹಿ" ಎಂದಳು ಅತ್ತೆ, ಕಣ್ಣು ಮುಚ್ಚಿಕೊಳ್ಳುತ್ತ.

ಆಮೇಲೆ ಲವಂಗಕ್ಕೆ ನಿಂಬೆ ಎಂದಳು, ಸೋಪಿಗೆ ಕಾಫಿ ಎಂದಳು, ಖಾಲಿ ಶೀಶೆಗೆ, "ಇದು ಗೊತ್ತಾಯ್ತು, ಗುಲಾಬಿ" ಎಂದಳು. ಕಣ್ಣು ತೆರೆದಾಗ ಯಾರೂ ನಗುತ್ತಿರಲಿಲ್ಲ. ಅವಳಿಗೇ ಅರ್ಥವಾಯಿತು.

"ವಾಪಸ್ ಬರುತ್ತಾ?"

"ಕೆಲವರಿಗೆ ತಿಂಗಳುಗಟ್ಟಲೆ ಆದ್ಮೇಲೆ ಸ್ವಲ್ಪ ಸ್ವಲ್ಪ ಬರುತ್ತೆ. ಕೆಲವರಿಗೆ ಬರಲ್ಲ. ಸುಳ್ಳು ಹೇಳಲ್ಲ ನಾನು."

"ಬರೀರಿ ಹಾಗಾದ್ರೆ" ಎಂದಳು ಅತ್ತೆ. "ಪೂರ್ತಿ ಬರೀರಿ. ನಮ್ಮ ಹುಡುಗಿ ಮೇಡಂ ಹತ್ರ ಬೈಸ್ಕೋಬಾರ್ದು."

ಅವರು ಬರೆದರು. ಜನ್ಮದಲ್ಲಿ ಮೊದಲ ಸಲವೋ ಏನೋ, ಎರಡು ಪೂರ್ತಿ ವಾಕ್ಯ. ವಾಸನೆ ಗೊತ್ತಾಗುವುದಿಲ್ಲ; ಇದು ಹಿಂದಿನ ತಲೆಪೆಟ್ಟಿನ ಪರಿಣಾಮ. ಆ ಎರಡನೆಯ ವಾಕ್ಯ ಇಲ್ಲದೆ ನಮ್ಮ ಮಹಡಿಯಲ್ಲಿ ಯಾರೂ ಮೂಗನ್ನೂ ಬಾಣಲೆಯನ್ನೂ ಒಂದೇ ದಾರದಲ್ಲಿ ಕಟ್ಟುವ ಹಾಗಿಲ್ಲ.

ಮಧ್ಯಾಹ್ನ ರುಚಿಪರೀಕ್ಷೆ. ಡಾಕ್ಟರ ಹತ್ತಿರದಿಂದ ಬಂದಾಗಿನಿಂದ ಅತ್ತೆ ಯಾರನ್ನೂ ಅಡುಗೆಮನೆಯೊಳಗೆ ಬಿಟ್ಟಿರಲಿಲ್ಲ. ಗ್ಯಾಸಿನ ಹತ್ತಿರ ಮಾತ್ರ ಮಾವ ನಿಲ್ಲಬಹುದು, ಆದರೆ ಬಾಯಿ, ಮುಖ ಎರಡೂ ಗೋಡೆ ಕಡೆಗೆ. "ಕೊನೇ ಸಲ ಆದ್ರೂ ಸರಿ, ನನ್ನ ಅಡುಗೆ ನಂದೇ ಆಗಿರ್ಲಿ. ಯಾರ ಮೂಗೂ ಬೇಡ" ಎಂದಿದ್ದಳು.

ಆಡಳಿತಾಧಿಕಾರಿ ಸಾಹೇಬರು ಬಂದರು. ಕೆಂಪು ಮೂಗು, ಕೈಯಲ್ಲಿ ಒದ್ದೆ ಕರವಸ್ತ್ರ, ಎರಡು ಹೆಜ್ಜೆಗೊಂದು ಸೀನು. ಕ್ಯಾಂಟೀನ್ ಸಮಿತಿಯವರೆಂದು ಜೊತೆಗೆ ನಮ್ಮ ಮೇಡಂ. ಅತ್ತೆ ಸೂಪು, ಬ್ರೆಡ್ಡು, ಮೊಟ್ಟೆ ತಂದಿಟ್ಟಳು. ಸಾಹೇಬರು ಒಂದು ಚಮಚ ಸೂಪು ಬಾಯಿಗಿಟ್ಟರು. ಕಣ್ಣು ಅಗಲವಾಯಿತು. ಇನ್ನೊಂದು ಚಮಚ. ಆಮೇಲೆ ಬಟ್ಟಲನ್ನೇ ಎತ್ತಿದರು.

"ಏನ್ರೀ ಇದು! ನಾಲ್ಕು ದಿನದಿಂದ ಏನು ತಿಂದ್ರೂ ಮಣ್ಣು ತಿಂದ ಹಾಗಿತ್ತು. ಇವತ್ತು ಮೊದಲ ಸಲ ಬಾಯಿಗೆ ಏನೋ ಗೊತ್ತಾಯ್ತು. ಭೇಷ್! ಕೊಡಿ ಕಾಗದ, ಸಹಿ ಹಾಕ್ತೀನಿ."

ಮಾವ ನನ್ನ ಕೈ ಹಿಸುಕಿದರು. ಕಾಗದ ಮೇಜಿನ ಮೇಲೇ ಇತ್ತು, ಪೆನ್ನಿನ ಮುಚ್ಚಳ ತೆಗೆದಾಗಿತ್ತು. ಅತ್ತೆ ಸುಮ್ಮನಿದ್ದರೆ ಸಾಕಿತ್ತು. ಅವಳ ಕೆನ್ನೆಯೊಳಗೆ ನಾಲಿಗೆ ಆಡುತ್ತಿತ್ತು.

"ಒಂದು ನಿಮಿಷ ಸಾರ್" ಎಂದಳು. "ನಿಮಗೆ ನೆಗಡಿ. ನನಗೆ ಬಾಣಲೆ. ಇಬ್ಬರಿಗೂ ಮೂಗಿಲ್ಲ. ಮೂಗಿಲ್ದೋಳು ಮಾಡಿದ್ದನ್ನ ಮೂಗಿಲ್ದೋರು ಹೊಗಳಿದ್ರೆ ಅದು ಪರೀಕ್ಷೆ ಅಲ್ಲ. ಮೇಡಂ, ನೀವು ಕುಡಿದು ಹೇಳಿ."

ಸಾಹೇಬರು ಸೀನುವುದನ್ನೂ ಮರೆತರು. ಅತ್ತೆ ನಿಂತಲ್ಲೇ ಎಲ್ಲ ಹೇಳಿದಳು, ಗ್ಯಾಸಿನದ್ದನ್ನೂ ಬಿಡಲಿಲ್ಲ. ಮೇಡಂ ಚಮಚ ಎತ್ತಿ, ಮೊದಲು ಮೂಸಿ, ಆಮೇಲೆ ಕುಡಿದು, ಫೈಲು ಓದುವ ದನಿಯಲ್ಲೇ ಹೇಳಿದರು: "ಉಪ್ಪು ಜಾಸ್ತಿ. ಹುಳಿ ಬಹಳ ಜಾಸ್ತಿ. ತಳ ಸ್ವಲ್ಪ ಹಿಡಿದಿದೆ." ಮೊಟ್ಟೆಯನ್ನೂ ಒಂದು ತುಂಡು ತಿಂದು, "ಮೊಟ್ಟೆ ಚೆನ್ನಾಗಿದೆ" ಎಂದರು.

"ಮೊಟ್ಟೆಗೆ ಮೂಗು ಬೇಡ, ಗಡಿಯಾರ ಸಾಕು" ಎಂದಳು ಅತ್ತೆ.

ಸಾಹೇಬರು ಪೆನ್ನು ತಿರುಗಿಸುತ್ತ ಕೂತರು. "ಈಗ ನಾನು ಏನು ಮಾಡ್ಲಿ? ಅಡುಗೆಯವರಿಗೆ ವಾಸನೆ ಬರಲ್ಲ ಅಂತ ಗೊತ್ತಿದ್ದೂ ಸಹಿ ಹಾಕಿದೆ ಅಂತಾಗುತ್ತಲ್ಲ?"

"ಕಣ್ಣು ಕಾಣದೋರು ಕನ್ನಡಕ ಹಾಕ್ಕೊಳ್ತಾರೆ ಸಾರ್" ಎಂದರು ಮಾವ. ಅಪರಿಚಿತರ ಮುಂದೆ ಅವರು ಇಷ್ಟುದ್ದ ಮಾತಾಡಿದ್ದನ್ನು ನಾನು ಕೇಳಿಯೇ ಇರಲಿಲ್ಲ. "ನಾನು ಗಲ್ಲಾ ಬಿಡ್ತೀನಿ. ಒಲೆ ಹತ್ರ ನಿಲ್ತೀನಿ. ಇವಳ ಕೈ, ನನ್ನ ಮೂಗು."

"ಇವರ ಮೂಗಾ!" ಎಂದಳು ಅತ್ತೆ ಗಾಬರಿಯಾಗಿ.

ಸಾಹೇಬರು ನಕ್ಕರು, ಸೀನಿದರು, ಮತ್ತೆ ನಕ್ಕರು. ಎರಡು ವರ್ಷಕ್ಕೆ ಸಹಿ ಹಾಕಲಿಲ್ಲ. ಆರು ತಿಂಗಳಿಗೆ ಹಾಕಿದರು. ಅಡುಗೆಮನೆಯಲ್ಲಿ ಗ್ಯಾಸ್ ಸೋರಿದರೆ ಕೂಗುವ ಯಂತ್ರ ಕೂರಿಸಬೇಕು, ಒಲೆ ಹತ್ತಿಸುವಾಗ ಮೂಗಿರುವವರೊಬ್ಬರು ಪಕ್ಕದಲ್ಲಿರಬೇಕು, ಆರು ತಿಂಗಳಾದ ಮೇಲೆ ಮತ್ತೆ ರುಚಿಪರೀಕ್ಷೆ, ಅವತ್ತು ನೆಗಡಿ ಇಲ್ಲದ ಯಾರಾದರೂ ಬರಬೇಕು.

ಸೋಮವಾರದಿಂದ ಗಲ್ಲಾಪೆಟ್ಟಿಗೆಗೆ ಬೇರೆಯವರು ಬಂದರು. ನಾನು ಬೆಳಿಗ್ಗೆ ಕಾಫಿಗೆ ಇಳಿದಾಗ ಅತ್ತೆ ದೊಡ್ಡ ಪಾತ್ರೆಯಲ್ಲಿ ಈರುಳ್ಳಿ ಬಾಡಿಸುತ್ತಿದ್ದಳು. ಮಾವ ಏಪ್ರನ್ ಕಟ್ಟಿಕೊಂಡು, ಪರೀಕ್ಷೆಗೆ ಕೂತ ಹುಡುಗನ ಹಾಗೆ, ಪಾತ್ರೆಯ ಮೇಲೆ ಬಗ್ಗಿ ಮೂಸುತ್ತಿದ್ದರು.

"ಹೇಗಿದೆ?"

"ಚೆನ್ನಾಗಿದೆ."

"ಚೆನ್ನಾಗಿದೆ ಅಂದ್ರೆ ನಾನೇನು ಮಾಡ್ಲಿ? ಹಸಿಯಾ, ಸಿಹಿಯಾ, ಕಂದಿದ್ಯಾ? ಬಾಯಿ ಬಿಟ್ಟು ಹೇಳ್ರೀ."

ಮಾವ ಕಣ್ಣು ಮುಚ್ಚಿಕೊಂಡು ಇನ್ನೊಮ್ಮೆ ದೀರ್ಘವಾಗಿ ಉಸಿರೆಳೆದರು. ಸರಿಯಾದ ಮಾತಿಗಾಗಿ ಎಲ್ಲೆಲ್ಲೋ ಹುಡುಕುತ್ತಿರುವುದು ಮುಖದಲ್ಲೇ ಕಾಣುತ್ತಿತ್ತು.

"ಸಾಯಂಕಾಲ ಮನೆಗೆ ಬಂದು ನೀನು ಕೂದಲು ಬಿಚ್ಚಿದಾಗ ಬರುತ್ತಲ್ಲ" ಎಂದರು, "ಆ ಥರ. ಆದರೆ ಸ್ವಲ್ಪ ಕಮ್ಮಿ."

ಅತ್ತೆಯ ಸೌಟು ನಿಂತಿತು. ನಾನು ಕಾಫಿ ಲೋಟದೊಳಗೆ ಮುಖ ಮುಚ್ಚಿಕೊಂಡೆ.

"ಹುಡುಗಿ ಮುಂದೆ ಏನು ಮಾತ್ರೀ ಇದು" ಎಂದಳು ಅತ್ತೆ, ಕಿವಿಯವರೆಗೂ ಕೆಂಪಾಗಿ. ಆಮೇಲೆ ಪಾತ್ರೆಯತ್ತ ಬಗ್ಗಿ ಈರುಳ್ಳಿಯನ್ನು ದಿಟ್ಟಿಸಿ ನೋಡಿದಳು. "ಕಮ್ಮಿ ಅಂತೀರಲ್ಲ? ಹಾಗಾದ್ರೆ ಇನ್ನೂ ಎರಡು ನಿಮಿಷ ಬೇಕು."

ಒಲೆಯ ಉರಿಯನ್ನು ಒಂಚೂರು ಏರಿಸಿದಳು.